ಪೆಟ್ರಿಷಿಯಾ ದ್ರೋಹಿಯೇ? ಓದುಗರ ಪತ್ರಕ್ಕೆ ಸಂಪಾದಕರ ಉತ್ತರ

ಮೈಸೂರಿನ ಓದುಗರೊಬ್ಬರು ಬರೆದ ಪತ್ರದ ಸಾರ ಇಷ್ಟು: "ಫ್ರಾನ್ಸಿನ ಹೊಸ ಅಲೆಯ (1960ರ ಸುಮಾರಿನ ಯುವ ನಿರ್ದೇಶಕರ) ಸಿನಿಮಾಗಳ ಬಗ್ಗೆ ನೀವು ಪ್ರಕಟಿಸಿದ ಲೇಖನ ಓದಿ ಗೊದಾರ್‌ನ 'ಬ್ರೆತ್‌ಲೆಸ್' ನೋಡಿದೆ. ಸಿನಿಮಾ ಹಿಡಿಸಿತು. ಆದರೆ ಆ ಅಮೆರಿಕನ್ ಹುಡುಗಿ ಪೆಟ್ರಿಷಿಯಾ ತನ್ನನ್ನು ನಂಬಿದವನನ್ನೇ ಪೊಲೀಸರಿಗೆ ಹಿಡಿದುಕೊಡುತ್ತಾಳಲ್ಲ, ಅದು ಮನಸ್ಸಿಗೆ ಚುಚ್ಚಿತು. ಫ್ರೆಂಚರು ಅಮೆರಿಕದ ಹೆಂಗಸರನ್ನು ಯಾವಾಗಲೂ ಹೀಗೇ ತೋರಿಸುತ್ತಾರಾ? ನೋಡಲು ಚೆಂದ, ನಂಬಿದರೆ ಕೆಟ್ಟೆ ಅನ್ನುವ ಹಾಗೆ? ಅಮೆರಿಕದ ಮೇಲಿನ ಸಿಟ್ಟನ್ನು ಆ ಹೆಂಗಸರ ಮೇಲೆ ತೀರಿಸಿಕೊಂಡರಾ? ಇದೇ ವಿಷಯದ ಬೇರೆ ಯಾವ ಸಿನಿಮಾ ನೋಡಬಹುದು, ತಿಳಿಸಿ."

ಪ್ರಿಯ ಓದುಗರೇ,

ನಿಮ್ಮ ಪತ್ರ ಒಳ್ಳೆಯ ಜಾಗಕ್ಕೇ ಕೈ ಹಾಕಿದೆ. ಎರಡು ಸಾಲಿನಲ್ಲಿ ಉತ್ತರಿಸಿ ಮುಗಿಸುವ ಪ್ರಶ್ನೆ ಇದಲ್ಲ. ಅದಕ್ಕೇ ಈ ಸಲ ಜಾಸ್ತಿ ಜಾಗ ತೆಗೆದುಕೊಂಡಿದ್ದೇನೆ.

ಮೊದಲು ಪೆಟ್ರಿಷಿಯಾ ಪರವಾಗಿ ನಾಲ್ಕು ಮಾತು. 1960ರ ಮಾರ್ಚ್‌ನಲ್ಲಿ ಪ್ಯಾರಿಸ್‌ನಲ್ಲಿ ಬಿಡುಗಡೆಯಾದಾಗಿನಿಂದ ಆ ಹುಡುಗಿಯ ತಲೆ ಮೇಲೆ ದ್ರೋಹದ ಗೂಬೆ ಕೂರಿಸಿದವರು ನೀವೊಬ್ಬರೇ ಅಲ್ಲ. ದೊಡ್ಡ ದೊಡ್ಡ ವಿಮರ್ಶಕರೂ ಹಾಗೇ ಬರೆದರು. ಆದರೆ ಸಿನಿಮಾವನ್ನು ಅವಳ ಕಡೆಯಿಂದ ಒಮ್ಮೆ ನೋಡಿ. ಊರಲ್ಲದ ಊರಿನಲ್ಲಿ ಒಬ್ಬಳೇ ಇದ್ದಾಳೆ. ಶಾಂಜೆಲಿಜೆ ರಸ್ತೆಯಲ್ಲಿ 'ನ್ಯೂಯಾರ್ಕ್ ಹೆರಾಲ್ಡ್ ಟ್ರಿಬ್ಯೂನ್' ಎಂದು ಬರೆದ ಬನಿಯನ್ನು ತೊಟ್ಟು, ಪೇಪರ್ ಕೂಗಿ ಮಾರುತ್ತಾಳೆ. ಅದೇ ಪೇಪರಿಗೆ ಬರೆಯುವ ಆಸೆ ಅವಳಿಗೆ. ಆ ಅವಕಾಶಕ್ಕಾಗಿ ತನಗಿಂತ ದೊಡ್ಡ ಪತ್ರಕರ್ತನೊಬ್ಬನ ಜೊತೆ ಕೂತು ಅವನ ಮಾತು ಕೇಳಬೇಕು. ಇತ್ತ ಅವಳನ್ನು ನಂಬಿದ ಮಿಶೆಲ್ (ನಟ ಬೆಲ್ಮೊಂದೊ) ಕಾರು ಕದಿಯುವವನು. ಒಬ್ಬ ಪೊಲೀಸನನ್ನು ಗುಂಡಿಟ್ಟು ಕೊಂದು ಬಂದಿದ್ದಾನೆ. ಇನ್ನೊಬ್ಬ ಗೆಳತಿಯ ಪರ್ಸಿನಿಂದ ದುಡ್ಡು ಎಗರಿಸುತ್ತಾನೆ. ತಾನು ಬಸುರಿ ಇರಬಹುದು ಎಂದು ಪೆಟ್ರಿಷಿಯಾ ಹೇಳಿದಾಗ, ನೀನು ಹುಷಾರಾಗಿರಬೇಕಿತ್ತು ಅನ್ನುತ್ತಾನೆ. ಅಷ್ಟೇ. ಆಮೇಲೆ ಇನ್‌ಸ್ಪೆಕ್ಟರ್ ಬರುತ್ತಾನೆ, ಪಾಸ್‌ಪೋರ್ಟ್ ಮಾತು ತೆಗೆದು ಹೆದರಿಸುತ್ತಾನೆ. ಪರದೇಶದಲ್ಲಿ ಪಾಸ್‌ಪೋರ್ಟ್ ಹೋದರೆ ಗತಿ ಏನು ಎಂಬುದು ಅಲ್ಲಿ ಒಬ್ಬರೇ ಬದುಕಿದವರಿಗೆ ಗೊತ್ತು.

ಇನ್ನೊಂದು ಸಂಗತಿ ಬಹಳ ಜನರ ಕಣ್ಣಿಗೆ ಬೀಳುವುದಿಲ್ಲ. ಈ ಸಿನಿಮಾದಲ್ಲಿ ಮಿಶೆಲ್‌ನ ಬಗ್ಗೆ ಪೊಲೀಸರಿಗೆ ಸುಳಿವು ಕೊಡುವವರಲ್ಲಿ ಪೆಟ್ರಿಷಿಯಾ ಮೊದಲನೆಯವಳಲ್ಲ. ಅದಕ್ಕೂ ಮುಂಚೆ ರಸ್ತೆಯಲ್ಲಿ ಒಬ್ಬ ಗಂಡಸು ಬರುತ್ತಾನೆ. ಕೈಯಲ್ಲಿ ಪೇಪರ್, ಪೇಪರಿನಲ್ಲಿ ಮಿಶೆಲ್‌ನ ಫೋಟೋ. ಫೋಟೋ ನೋಡುತ್ತಾನೆ, ಮಿಶೆಲ್‌ನ ಮುಖ ನೋಡುತ್ತಾನೆ, ಹೋಗಿ ಪೊಲೀಸರಿಗೆ ಕೈ ತೋರಿಸುತ್ತಾನೆ. ಆ ಪಾತ್ರ ಮಾಡಿದವರು ಯಾರು ಗೊತ್ತಾ? ಸ್ವತಃ ಗೊದಾರ್. ನಿರ್ದೇಶಕನೇ ಮೊದಲ ಮಾಹಿತಿದಾರ! ಅವನನ್ನು ಯಾರೂ ದ್ರೋಹಿ ಅನ್ನಲಿಲ್ಲ. ಆ ಹೆಸರು ಹುಡುಗಿಗೆ ಮಾತ್ರ ಅಂಟಿತು.

ಕೊನೆಯ ದೃಶ್ಯದಲ್ಲೂ ಅದೇ ಕತೆ. ಸಾಯುತ್ತಾ ಬಿದ್ದ ಮಿಶೆಲ್ ಒಂದು ಮಾತು ಗೊಣಗುತ್ತಾನೆ. ಯಾರನ್ನು ಬೈದ, ಏನನ್ನು ಬೈದ ಎಂಬುದು ಸ್ಪಷ್ಟವಿಲ್ಲ. ಪೆಟ್ರಿಷಿಯಾ, ಏನಂದ ಎಂದು ಕೇಳುತ್ತಾಳೆ. ಅದು ನಿನ್ನನ್ನೇ ಬೈದದ್ದು ಎಂದು ತಿರುಚಿ ಹೇಳುವವನು ಪೊಲೀಸ್ ಅಧಿಕಾರಿ. ಅವಳ ಮೇಲಿನ ತೀರ್ಪು ಬರೆದವನು ಅವನು. ನಾವು ಅರವತ್ತು ವರ್ಷಗಳಿಂದ ಆ ತೀರ್ಪನ್ನೇ ಒಪ್ಪಿಕೊಂಡು ಬಂದಿದ್ದೇವೆ.

ಹಾಗಂತ ಗೊದಾರ್‌ನ ಕಣ್ಣಿನಲ್ಲಿ ದೋಷವೇ ಇಲ್ಲ ಅನ್ನುತ್ತಿಲ್ಲ. ಓರ್ಲಿ ವಿಮಾನ ನಿಲ್ದಾಣದ ದೃಶ್ಯ ನೆನಪಿಸಿಕೊಳ್ಳಿ. ಪೆಟ್ರಿಷಿಯಾ ಮೊದಲ ಸಲ ಪತ್ರಕರ್ತೆಯಾಗಿ ಹೋಗುತ್ತಾಳೆ. ಕಪ್ಪು ಕನ್ನಡಕದ ಕಾದಂಬರಿಕಾರ (ಆ ಪಾತ್ರದಲ್ಲಿರುವವರು ನಿರ್ದೇಶಕ ಮೆಲ್ವಿಲ್) ದೊಡ್ಡ ಗತ್ತಿನಲ್ಲಿ ಉತ್ತರ ಕೊಡುತ್ತಾನೆ. ಅಮೆರಿಕದ ಹೆಂಗಸು ಗಂಡಸನ್ನು ಆಳುತ್ತಾಳೆ, ಫ್ರಾನ್ಸಿನವಳು ಇನ್ನೂ ಆ ಮಟ್ಟಕ್ಕೆ ಬಂದಿಲ್ಲ ಎಂಬ ಅರ್ಥದ ಮಾತು ಅವನದು. ಈ ಒಂದು ಮಾತಿನಲ್ಲಿ ಆ ಕಾಲದ ಫ್ರೆಂಚ್ ಗಂಡಸರ ಭಯ ಪೂರ್ತಿ ಕಾಣುತ್ತದೆ. ಆ ಭಯಕ್ಕೆ ಕಾರಣವೂ ಇತ್ತು. ಎರಡನೇ ಮಹಾಯುದ್ಧ ಮುಗಿದಾಗ ಫ್ರಾನ್ಸ್ ಸಾಲದಲ್ಲಿ ಮುಳುಗಿತ್ತು. 1946ರ ಮೇ ತಿಂಗಳಲ್ಲಿ ಅಮೆರಿಕದ ಜೊತೆ ಬ್ಲೂಮ್-ಬರ್ನ್ಸ್ ಒಪ್ಪಂದವಾಯಿತು. ಸಾಲದ ವಿಷಯದಲ್ಲಿ ರಿಯಾಯಿತಿ ಸಿಕ್ಕಿತು. ಬದಲಿಗೆ ಫ್ರಾನ್ಸಿನ ಥಿಯೇಟರುಗಳಲ್ಲಿ ಮೂರು ತಿಂಗಳಿಗೆ ನಾಲ್ಕು ವಾರ ಮಾತ್ರ ಸ್ವಂತ ಸಿನಿಮಾಗಳಿಗೆ ಮೀಸಲು ಎಂದಾಯಿತು. ಉಳಿದ ವಾರಗಳ ಬಾಗಿಲು ಹಾಲಿವುಡ್‌ಗೆ ತೆರೆಯಿತು. 1948ರಲ್ಲಿ ನಟ ನಟಿಯರೇ ಪ್ಯಾರಿಸ್ ಬೀದಿಗಿಳಿದು ಪ್ರತಿಭಟಿಸಿದರು. ಅಮೆರಿಕದ ಸೈನ್ಯವೂ 1967ರವರೆಗೆ ಫ್ರಾನ್ಸಿನಲ್ಲೇ ಇತ್ತು. ದುಡ್ಡು ಅವರದು, ಸೈನ್ಯ ಅವರದು, ತೆರೆ ಮೇಲಿನ ಚೆಲುವೆಯರೂ ಅವರವರೇ. ಹೊಸ ಅಲೆಯ ಹುಡುಗರು ಬೆಳೆದದ್ದು ಆ ಹಾಲಿವುಡ್ ಸಿನಿಮಾ ನೋಡಿಯೇ. ಮಿಶೆಲ್ ಹಾಲಿವುಡ್ ನಟ ಬೊಗಾರ್ಟ್‌ನ ಪೋಸ್ಟರ್ ಮುಂದೆ ನಿಂತು ತುಟಿಯ ಮೇಲೆ ಹೆಬ್ಬೆರಳು ಆಡಿಸುವುದು ಸುಮ್ನೆ ಅಲ್ಲ. ಆಸೆ, ಅಸೂಯೆ ಎರಡೂ ಒಟ್ಟಿಗೇ ಇದ್ದವು.

ಹಾಗಾಗಿ ನಿಮ್ಮ 'ಸಿಟ್ಟು' ಎಂಬ ಊಹೆ ನನಗೆ ಪೂರ್ತಿ ಸರಿ ಅನಿಸುವುದಿಲ್ಲ. ಈ ಸಿನಿಮಾಗಳನ್ನು ಮತ್ತೆ ಮತ್ತೆ ನೋಡಿದ ಮೇಲೆ ನನಗೆ ಕಾಣುವುದು ಬೇರೆ. ಫ್ರೆಂಚ್ ಕ್ಯಾಮೆರಾ ಅಮೆರಿಕದ ಹೆಣ್ಣಿನ ಮುಖವನ್ನು ಕಣ್ತುಂಬ ನೋಡಿತು. ಅವಳ ಮಾತಿಗೆ ಕಿವಿ ಕೊಟ್ಟದ್ದು ಮಾತ್ರ ಅಪರೂಪ. ಆ ಕಾರಣಕ್ಕೆ ನಾನು ಯಾವುದೇ ಸಿನಿಮಾದಲ್ಲಿ ಮೊದಲು ನೋಡುವುದು, ಅವಳ ಪಾಲಿನ ಮಾತನ್ನು ಆಡುತ್ತಿರುವವರು ಯಾರು ಎಂದು.

ಇದು ಹೊಸ ಅಲೆಗಿಂತ ಬಹಳ ಹಿಂದಿನಿಂದಲೂ ನಡೆದು ಬಂದದ್ದು. ಮೂಕಿ ಕಾಲದಲ್ಲಿ, ಮೊದಲ ಮಹಾಯುದ್ಧದ ನಡುವೆ, ಪರ್ಲ್ ವೈಟ್‌ಳ ಸಾಹಸದ ಧಾರಾವಾಹಿಗಳಿಗೆ ಪ್ಯಾರಿಸ್ ಮುಗಿಬಿತ್ತು. ಅವಳು ಓಡುತ್ತಿದ್ದಳು, ಜಿಗಿಯುತ್ತಿದ್ದಳು, ಕಳ್ಳರ ಕೈಯಿಂದ ತಪ್ಪಿಸಿಕೊಳ್ಳುತ್ತಿದ್ದಳು. ಗಟ್ಟಿಗಿತ್ತಿ ಅಮೆರಿಕನ್ ಹುಡುಗಿ ಎಂಬ ಚಿತ್ರ ಫ್ರೆಂಚರ ಮನಸ್ಸಿನಲ್ಲಿ ಕೂತದ್ದು ಅಲ್ಲಿಂದ. ಮುಂದೆ ಅವಳು ಫ್ರಾನ್ಸಿಗೇ ಬಂದು ನೆಲೆಸಿ, 1938ರಲ್ಲಿ ಪ್ಯಾರಿಸ್ ಹತ್ತಿರವೇ ತೀರಿಕೊಂಡಳು. ಟಾಕಿ ಬಂದ ಹೊಸದರಲ್ಲಿ, 1930ರಲ್ಲಿ, ಲೂಯಿಸ್ ಬ್ರೂಕ್ಸ್ ಒಂದು ಫ್ರೆಂಚ್ ಸಿನಿಮಾದಲ್ಲಿ ನಾಯಕಿಯಾದಳು. ಪಾತ್ರ ಪ್ಯಾರಿಸ್‌ನ ಟೈಪಿಸ್ಟ್ ಹುಡುಗಿಯದು. ಮುಖ ಅಮೆರಿಕದವಳದು, ದನಿ ಬೇರೊಬ್ಬ ಫ್ರೆಂಚ್ ಹೆಂಗಸಿನದು.

ಜೋಸೆಫಿನ್ ಬೇಕರ್ ಕತೆ ಇದಕ್ಕಿಂತ ನೋವಿನದು. 1906ರಲ್ಲಿ ಅಮೆರಿಕದ ಸೇಂಟ್ ಲೂಯಿಸ್‌ನಲ್ಲಿ ಹುಟ್ಟಿದ ಕಪ್ಪು ಹುಡುಗಿ. 1925ರಲ್ಲಿ ಪ್ಯಾರಿಸ್ ರಂಗಮಂದಿರಕ್ಕೆ ಬಂದವಳೇ ಇಡೀ ನಗರವನ್ನು ಕುಣಿಸಿದಳು. ಫ್ರೆಂಚ್ ಸಿನಿಮಾದಲ್ಲಿ ಹೆಸರು ಮಾಡಿದ ಅಮೆರಿಕದ ಹೆಂಗಸರಲ್ಲಿ ಅವಳಷ್ಟು ದೊಡ್ಡ ತಾರೆ ಆಗ ಬೇರೆ ಯಾರೂ ಇರಲಿಲ್ಲ. ಆದರೆ ಆಗಿನ ಅವಳ ದೊಡ್ಡ ಸಿನಿಮಾಗಳಲ್ಲಿ ಅವಳಿಗೆ ಅಮೆರಿಕದವಳಾಗುವ ಅವಕಾಶವನ್ನೇ ಕೊಡಲಿಲ್ಲ! 1934ರ 'ಝೂಝೂ'ದಲ್ಲಿ ಅವಳು ಮಾರ್ಟಿನೀಕ್ ದ್ವೀಪದ ಮೂಲದವಳು. 1935ರ 'ಪ್ರಿನ್ಸೆಸ್ ಟಾಮ್ ಟಾಮ್'ನಲ್ಲಿ ಟುನೀಶಿಯಾದ ಕುರಿ ಕಾಯುವ ಹುಡುಗಿ. ಅಮೆರಿಕದವಳು ಅಂದರೆ ಬಿಳಿಯವಳು, ಕಪ್ಪಗಿದ್ದರೆ ತಮ್ಮ ವಸಾಹತಿನವಳು. ಆ ಕಾಲದ ತೆರೆಗೆ ಗೊತ್ತಿದ್ದದ್ದು ಈ ಎರಡೇ ಖಾನೆ.

'ಝೂಝೂ'ದ ಕೊನೆಯನ್ನು ನೀವು ನೋಡಲೇಬೇಕು. ಝೂಝೂ ಒಳಗೊಳಗೇ ಪ್ರೀತಿಸುವವನ ಪಾತ್ರದಲ್ಲಿ ನಟ ಝಾಂ ಗಾಬಾಂ. ಅವನು ಮಾಡದ ಕೊಲೆಗೆ ಜೈಲು ಸೇರಿದಾಗ ಬಿಡಿಸಲು ಓಡಾಡುವವಳು ಇವಳು. ಬಿಡುಗಡೆಯಾಗಿ ಬಂದವನು ಅಪ್ಪಿಕೊಳ್ಳುವುದು ಬಿಳಿ ಹುಡುಗಿಯನ್ನು. ಝೂಝೂ ಅದನ್ನು ದೂರದಿಂದ ನೋಡಿ ಮತ್ತೆ ರಂಗಕ್ಕೆ ಬರುತ್ತಾಳೆ. ಅಲ್ಲಿ ಮನುಷ್ಯರೆತ್ತರದ ಪಂಜರ. ಅದರೊಳಗೆ, ಮೈಮೇಲೆ ಪುಕ್ಕ ಧರಿಸಿ, ಉಯ್ಯಾಲೆಯಲ್ಲಿ ಕೂತು ದೂರದ ಹೈಟಿಯನ್ನು ನೆನೆದು ಹಾಡುತ್ತಾಳೆ. ಪ್ರೇಕ್ಷಕರು ಚಪ್ಪಾಳೆ ತಟ್ಟುತ್ತಾರೆ. ಸಿನಿಮಾ ಮಾಡಿದವರಿಗೆ ಅದು ಬರೀ ಅದ್ದೂರಿ ದೃಶ್ಯವಾಗಿತ್ತೋ ಏನೋ, ನನಗಂತೂ ನೋಡಿದಾಗೆಲ್ಲ ಗಂಟಲು ಕಟ್ಟುತ್ತದೆ. ಬೇಕರ್ 1937ರಲ್ಲಿ ಫ್ರಾನ್ಸಿನ ಪ್ರಜೆಯಾದಳು. ಯುದ್ಧಕಾಲದಲ್ಲಿ ಆ ದೇಶದ ಪ್ರತಿರೋಧ ಚಳವಳಿಗೆ ದುಡಿದಳು. 2021ರ ನವೆಂಬರ್ 30ರಂದು ಅವಳಿಗೆ ಪ್ಯಾರಿಸ್‌ನ ಪಾಂಥಿಯಾನ್‌ನಲ್ಲಿ, ಅಂದರೆ ಆ ದೇಶದ ಮಹನೀಯರ ಸಮಾಧಿ ಮಂದಿರದಲ್ಲಿ, ಸ್ಥಾನ ಸಿಕ್ಕಿತು. ಆ ಗೌರವ ಪಡೆದ ಮೊದಲ ಕಪ್ಪು ಮಹಿಳೆ ಅವಳು.

ಎಲ್ಲರೂ ಹೀಗೇ ಅಂತಲ್ಲ. ಝಾಕ್ ತಾತಿಯ 'ಪ್ಲೇಟೈಮ್' (1967) ನೋಡಿದರೆ ನಿಮ್ಮ ಮನಸ್ಸು ತಿಳಿಯಾಗುತ್ತದೆ. ಅದರಲ್ಲಿ ಅಮೆರಿಕದ ಹೆಂಗಸರ ಒಂದು ಗುಂಪೇ ಪ್ಯಾರಿಸ್ ನೋಡಲು ಬಂದಿಳಿಯುತ್ತದೆ. ಹೂವಿನ ಟೋಪಿ, ಕೈಯಲ್ಲಿ ಕ್ಯಾಮೆರಾ, ಒಂದೇ ಸಮ ಕಲರವ. ಆ ಗುಂಪಿಗೆ ತಾತಿ ಪ್ಯಾರಿಸ್ ಸುತ್ತಮುತ್ತಲಿದ್ದ ಅಮೆರಿಕನ್ ಸೈನಿಕರ ಮನೆಯ ಹೆಂಗಸರನ್ನೇ ಕರೆತಂದಿದ್ದ. ಗುಂಪಿನಲ್ಲೊಬ್ಬಳು ಬಾರ್ಬರಾ. (ಆ ಪಾತ್ರ ಮಾಡಿದ ಹುಡುಗಿ ಜರ್ಮನಿಯವಳು.) ಅವಳಿಗೆ ನಿಜವಾದ ಪ್ಯಾರಿಸ್ ಬೇಕು. ಸಿಗುವುದು ಬರೀ ಗಾಜು, ಕಾಂಕ್ರೀಟು. ಒಂದು ಕಟ್ಟಡದ ಗಾಜಿನ ಬಾಗಿಲು ತಳ್ಳಿದಾಗ ಐಫೆಲ್ ಟವರ್ ಅದರಲ್ಲಿ ಮಿಂಚಿ ಹೋಗುತ್ತದೆ. ನಿಂತು ನೋಡುತ್ತಾಳೆ, ಅಷ್ಟರಲ್ಲಿ ಗುಂಪು ಒಳಗೆ ಎಳೆದುಕೊಳ್ಳುತ್ತದೆ. ಬೀದಿ ಮೂಲೆಯಲ್ಲಿ ಹೂ ಮಾರುವ ಮುದುಕಿಯ ಫೋಟೋ ತೆಗೆಯಲು ಹೋದರೆ ಯಾರಾದರೊಬ್ಬರು ಅಡ್ಡ ಬರುತ್ತಲೇ ಇರುತ್ತಾರೆ.

ಇಲ್ಲಿ ತಾತಿ ಮಾಡಿದ ಕೆಲಸ ನೋಡಿ. ಫ್ರಾನ್ಸಿನವರೆಲ್ಲ ಆಫೀಸು, ಕಾರು, ಫೋನು ಅಂತ ತಲೆ ತಗ್ಗಿಸಿ ಓಡುತ್ತಿದ್ದಾರೆ. ಹಳೆಯ ಪ್ಯಾರಿಸ್‌ಗಾಗಿ ಹುಡುಕುವವಳು ಹೊರಗಿನಿಂದ ಬಂದ ಈ ಹುಡುಗಿ ಒಬ್ಬಳೇ. ಅವಳನ್ನು ನೋಡಿ ನಗುವಂಥದ್ದು ಏನೂ ಇಲ್ಲ. ಅವಳು ಹೊರಡುವಾಗ ಹ್ಯೂಲೋ (ತಾತಿಯೇ ಮಾಡಿದ ಪಾತ್ರ) ಒಂದು ತಲೆವಸ್ತ್ರ, ಚಿಕ್ಕದೊಂದು ಹೂವಿನ ಕಡ್ಡಿ ಉಡುಗೊರೆ ಕೊಡುತ್ತಾನೆ. ಅದನ್ನೂ ಕೈಯಾರೆ ಕೊಡಲಾಗುವುದಿಲ್ಲ, ಬೇರೊಬ್ಬನ ಕೈಯಲ್ಲಿ ಕಳಿಸುತ್ತಾನೆ. ಪ್ರೀತಿ ಅನ್ನುವ ಮಾತೇ ಬರುವುದಿಲ್ಲ, ಯಾರೂ ಯಾರನ್ನೂ ಗೆಲ್ಲುವುದಿಲ್ಲ. ಅಮೆರಿಕದ ಹೆಣ್ಣನ್ನು ಇಷ್ಟು ಸರಳ ವಿಶ್ವಾಸದಿಂದ ನೋಡಿದ ಫ್ರೆಂಚ್ ಗಂಡಸರು ಕಡಿಮೆ. ಆದರೂ ಬಾರ್ಬರಾ ಆಡುವ ಮಾತು ಬೆರಳೆಣಿಕೆಯಷ್ಟೇ, ಅದನ್ನೂ ಗಮನಿಸಿ.

ಮಾತು ಕೇಳಬೇಕೆಂದರೆ ಎರಿಕ್ ರೋಮರ್‌ನ 'ನಾಡ್ಯಾ ಇನ್ ಪ್ಯಾರಿಸ್' ಎಂಬ ಕಿರುಚಿತ್ರವಿದೆ. 1964ರದು, ಕಾಲು ಗಂಟೆಯೂ ಇಲ್ಲ. ಯುಗೊಸ್ಲಾವಿಯಾದಲ್ಲಿ ಹುಟ್ಟಿ ಅಮೆರಿಕದಲ್ಲಿ ಬೆಳೆದ ನಾಡ್ಯಾ ಟೆಸಿಚ್ ಎಂಬ ವಿದ್ಯಾರ್ಥಿನಿ ಪ್ಯಾರಿಸ್ ಸುತ್ತುತ್ತಾ ತನ್ನ ದಿನಗಳ ಬಗ್ಗೆ ತಾನೇ ಹೇಳಿಕೊಳ್ಳುತ್ತಾಳೆ. ಕತೆ ಇಲ್ಲ, ಪ್ರೇಮಿ ಇಲ್ಲ, ದ್ರೋಹವೂ ಇಲ್ಲ. ಅದು ಸಾಧ್ಯವಿತ್ತು ಎಂಬುದಕ್ಕೆ ಈ ಚಿಕ್ಕ ಚಿತ್ರ ಸಾಕ್ಷಿ.

ಈಗ ನನಗೆ ಇವತ್ತಿಗೂ ಸಿಟ್ಟು ಬರಿಸುವ ಒಂದು ಸಿನಿಮಾಕ್ಕೆ ಬರುತ್ತೇನೆ. 1972ರಲ್ಲಿ ಗೊದಾರ್ ಮತ್ತು ಅವನ ಗೆಳೆಯ ಝಾಂ ಪಿಯರ್ ಗೊರಾಂ ಸೇರಿ 'ತೂ ವಾ ಬಿಯಾಂ' ಮಾಡಿದರು. ಜೇನ್ ಫೋಂಡಾ ಅದರಲ್ಲಿ ಪ್ಯಾರಿಸ್‌ನಲ್ಲಿರುವ ಅಮೆರಿಕನ್ ರೇಡಿಯೊ ವರದಿಗಾರ್ತಿ ಸುಝಾನ್. ಗಂಡನಾಗಿ ಈವ್ ಮೊಂತಾಂ. ಮಾಂಸದ ಕಾರ್ಖಾನೆಯೊಂದರ ಮುಷ್ಕರದ ವರದಿಗೆ ಹೋದವರು ಮಾಲೀಕನ ಜೊತೆ ತಾವೂ ಒಳಗೆ ಸಿಕ್ಕಿಕೊಳ್ಳುತ್ತಾರೆ. ಆ ಸಿನಿಮಾ ಒಳ್ಳೆಯದೇ. ಅದರಲ್ಲಿ ಸುಝಾನ್ ಗಂಡನ ಜೊತೆ ಜಗಳವಾಡುತ್ತಾ ಹೇಳುವ ಮಾತಿನ ತಿರುಳು ಬಹಳ ದೊಡ್ಡದು: ನಮ್ಮಿಬ್ಬರ ಬದುಕು ಅಂದರೆ ಸಿನಿಮಾ, ಊಟ, ಹಾಸಿಗೆ ಇಷ್ಟೇ ಅಲ್ಲ, ನಿನ್ನ ಕೆಲಸ, ನನ್ನ ಕೆಲಸ ಎರಡೂ ಅದರಲ್ಲಿ ಸೇರಬೇಕು. ಫ್ರೆಂಚ್ ತೆರೆಯ ಮೇಲೆ ಅಮೆರಿಕದ ಹೆಣ್ಣೊಬ್ಬಳು ಉದ್ಯೋಗದ ಬಗ್ಗೆ ಇಷ್ಟು ಗಟ್ಟಿಯಾಗಿ ಮಾತಾಡಿದ್ದು ಅಪರೂಪ.

ಅದೇ ವರ್ಷ ಫೋಂಡಾ, ಅಮೆರಿಕ ಯುದ್ಧ ನಡೆಸುತ್ತಿದ್ದ ವಿಯೆಟ್ನಾಂಗೆ ಹೋದಳು. ಹನೋಯ್‌ನಲ್ಲಿ ತೆಗೆದ ಅವಳ ಫೋಟೋ 'ಲೆಕ್ಸ್‌ಪ್ರೆಸ್' ವಾರಪತ್ರಿಕೆಯಲ್ಲಿ ಬಂತು. ಗೊದಾರ್ ಮತ್ತು ಗೊರಾಂ ಆ ಒಂದು ಫೋಟೋ ಇಟ್ಟುಕೊಂಡು 52 ನಿಮಿಷದ ಸಿನಿಮಾ ಮಾಡಿದರು. ಹೆಸರು 'ಲೆಟರ್ ಟು ಜೇನ್', ಜೇನ್‌ಗೆ ಪತ್ರ. ಇಬ್ಬರು ಗಂಡಸರು ಇಂಗ್ಲಿಷಿನಲ್ಲಿ, ತಮ್ಮ ಫ್ರೆಂಚ್ ಉಚ್ಚಾರಣೆಯಲ್ಲಿ, ಸರದಿಯ ಮೇಲೆ ಮಾತಾಡುತ್ತಾರೆ. ಅವಳ ಮುಖ ನಿಶ್ಚಲವಾಗಿ ತೆರೆ ಮೇಲಿದೆ. ನಿನ್ನ ಮುಖದ ಈ ಭಾವ ಸುಳ್ಳು, ಇದು ನಿಮ್ಮಪ್ಪ ಹೆನ್ರಿ ಫೋಂಡಾ ಹಳೆಯ ಸಿನಿಮಾಗಳಲ್ಲಿ ಮಾಡಿದ ಮುಖವೇ, ನಮ್ಮ ಸಿನಿಮಾದಲ್ಲೂ ನೀನು ಇದೇ ಮುಖ ಮಾಡಿದ್ದೆ ಎಂದು ಬಿಡಿಸಿ ಬಿಡಿಸಿ ಹೇಳುತ್ತಾರೆ. ನ್ಯಾಯವಾಗಿ ಹೇಳಬೇಕೆಂದರೆ ಅವರ ಕೆಲವು ಮಾತು ಚುರುಕಾಗಿವೆ. ಫೋಟೋದ ಅಡಿಬರಹ ಅವಳು ಹನೋಯ್ ಜನರನ್ನು ಪ್ರಶ್ನೆ ಕೇಳುತ್ತಿದ್ದಾಳೆ ಅನ್ನುತ್ತದೆ, ಆದರೆ ಚಿತ್ರದಲ್ಲಿ ಅವಳು ಕೇಳಿಸಿಕೊಳ್ಳುತ್ತಿದ್ದಾಳೆ ಎಂದು ತೋರಿಸಿಕೊಡುತ್ತಾರೆ. ಹಿಂದಿರುವ ವಿಯೆಟ್ನಾಮಿನವನ ಮುಖ ಮಸುಕು, ತಾರೆಯ ಮುಖ ಮಾತ್ರ ಸ್ಪಷ್ಟ ಅನ್ನುತ್ತಾರೆ. ಅದೂ ನಿಜ.

ಆದರೆ ನೀವೇ ಹೇಳಿ. ಪತ್ರ ಅಂದ ಮೇಲೆ ಉತ್ತರಕ್ಕೆ ಜಾಗ ಬೇಡವಾ? ಒಂದು ಪತ್ರಿಕೆ ನಡೆಸುವವನಾಗಿ ನನಗೆ ಇದು ತಡೆಯಲಾಗದ ಸಂಗತಿ. ಕೇಳಿಸಿಕೊಳ್ಳುತ್ತಿದ್ದ ಹೆಂಗಸನ್ನು ಹಿಡಿದು 52 ನಿಮಿಷ ಉಪದೇಶ ಮಾಡಿದರು. ಅವಳು ಒಂದು ಮಾತೂ ಆಡುವಂತಿಲ್ಲ. ಅವಳ ಜಾಗದಲ್ಲಿ ಮೊಂತಾಂ ಇದ್ದಿದ್ದರೆ ಇಂಥ ಪತ್ರ ಹುಟ್ಟುತ್ತಿತ್ತು ಎಂದು ನನಗೆ ಅನಿಸುವುದಿಲ್ಲ.

ಜೀನ್ ಸೀಬರ್ಗ್‌ಗೆ, ಅಂದರೆ ನಿಮ್ಮ ಪೆಟ್ರಿಷಿಯಾಗೆ, ಬದುಕಿನಲ್ಲಿ ಆದದ್ದು ಇದಕ್ಕಿಂತ ಘೋರ. ಅಯೋವಾ ರಾಜ್ಯದ ಮಾರ್ಷಲ್‌ಟೌನ್ ಎಂಬ ಚಿಕ್ಕ ಊರಿನವಳು. ಸುಮಾರು 18,000 ಹುಡುಗಿಯರಲ್ಲಿ ಅವಳನ್ನು ಆರಿಸಿ ಹಾಲಿವುಡ್ ನಿರ್ದೇಶಕ ಪ್ರೆಮಿಂಜರ್ ಜೋನ್ ಆಫ್ ಆರ್ಕ್ ಪಾತ್ರ ಕೊಟ್ಟ. ಆ ಸಿನಿಮಾ ಸೋತಿತು. ಅವಳನ್ನು ಎತ್ತಿ ಹಿಡಿದದ್ದು ಫ್ರಾನ್ಸ್. ಆ ಗಿಡ್ಡ ಕೂದಲು, ಆ ಅಮೆರಿಕನ್ ರಾಗದ ಫ್ರೆಂಚ್, ಎಲ್ಲ ಪ್ಯಾರಿಸ್‌ಗೆ ಇಷ್ಟವಾಯಿತು. ಮುಂದೆ ಅವಳು ಅಮೆರಿಕದ ಕಪ್ಪು ಜನರ ಹೋರಾಟಕ್ಕೆ, ಬ್ಲ್ಯಾಕ್ ಪ್ಯಾಂಥರ್ ಪಕ್ಷಕ್ಕೆ ಹಣ ಕೊಟ್ಟಳು. 1970ರಲ್ಲಿ ಅವಳು ಬಸುರಿಯಾಗಿದ್ದಾಗ, ಹೊಟ್ಟೆಯಲ್ಲಿರುವುದು ಪ್ಯಾಂಥರ್ ಸದಸ್ಯನೊಬ್ಬನ ಮಗು ಎಂಬ ಸುಳ್ಳನ್ನು ಎಫ್‌ಬಿಐ ಹೆಣೆಯಿತು. ಪತ್ರಿಕೆಗಳಲ್ಲಿ ಅದು ಬಂತು. ಮಗು ಅವಧಿಗೆ ಮೊದಲೇ ಹುಟ್ಟಿ ಎರಡು ದಿನಕ್ಕೆ ತೀರಿಕೊಂಡಿತು. 1979ರ ಸೆಪ್ಟೆಂಬರ್‌ನಲ್ಲಿ ಪ್ಯಾರಿಸ್‌ನ ಬೀದಿಯೊಂದರಲ್ಲಿ ಕಾರಿನೊಳಗೆ ಸೀಬರ್ಗ್‌ಳ ಶವ ಸಿಕ್ಕಿತು. ಆಗ ಅವಳಿಗೆ 40 ವರ್ಷ. ಸುಳ್ಳು ಹಬ್ಬಿಸಿದ್ದನ್ನು ಎಫ್‌ಬಿಐ ಒಪ್ಪಿಕೊಂಡದ್ದು ಅವಳು ಸತ್ತ ಮೇಲೆ, ಅದೇ ತಿಂಗಳು.

ಈ ನಡುವೆ, 1974ರಲ್ಲಿ, ಫಿಲಿಪ್ ಗರೆಲ್ ಅವಳನ್ನು ಇಟ್ಟುಕೊಂಡು 'ಲೇ ಓತ್ ಸೊಲಿತ್ಯೂದ್' ಮಾಡಿದ. ಕಪ್ಪು ಬಿಳುಪು. ಸದ್ದೇ ಇಲ್ಲ, ಸಂಗೀತವೂ ಇಲ್ಲ. ಹೆಚ್ಚಿನ ಹೊತ್ತು ಅವಳ ಮುಖವೇ. ನಗುತ್ತಾಳೆ, ಅಳು ಬರುತ್ತದೆ, ತುಟಿ ಅಲುಗುತ್ತದೆ, ಏನೋ ಹೇಳುತ್ತಾಳೆ. ನಮಗೆ ಕೇಳಿಸುವುದಿಲ್ಲ. ಗರೆಲ್ ಅವಳನ್ನು ಗೌರವದಿಂದಲೇ ನೋಡಿದ, ಅದರಲ್ಲಿ ಅನುಮಾನವಿಲ್ಲ. ಆದರೂ ಅಷ್ಟು ಸುಳ್ಳುಗಳನ್ನು ಸಹಿಸಿಕೊಂಡ ಹೆಂಗಸಿನ ಬಾಯಿಂದ ನಾಲ್ಕು ಮಾತು ಕೇಳಬೇಕಿತ್ತು ಎಂದು ನನ್ನ ಮನಸ್ಸು ಹಂಬಲಿಸುತ್ತದೆ.

ಇತ್ತೀಚಿನ ವರ್ಷಗಳಲ್ಲಿ ಗಾಳಿ ಬದಲಾಗಿದೆ. ಒಲಿವಿಯೆ ಅಸಾಯಸ್‌ನ ಎರಡು ಸಿನಿಮಾಗಳಲ್ಲಿ ಕ್ರಿಸ್ಟನ್ ಸ್ಟುವರ್ಟ್ ಇದ್ದಾಳೆ. 'ಕ್ಲೌಡ್ಸ್ ಆಫ್ ಸಿಲ್ಸ್ ಮರಿಯಾ' (2014) ಚಿತ್ರದಲ್ಲಿ ಅವಳು ಫ್ರೆಂಚ್ ನಟಿಯೊಬ್ಬಳ ಸಹಾಯಕಿ. ಎರಡೆರಡು ಫೋನು ಹಿಡಿದು ಓಡಾಡುತ್ತಾಳೆ, ಒಡತಿಯ ಜೊತೆ ಸರಿಸಮ ವಾದ ಮಾಡುತ್ತಾಳೆ. ಆ ಪಾತ್ರಕ್ಕೆ 2015ರಲ್ಲಿ ಸೀಝರ್ ಪ್ರಶಸ್ತಿ ಬಂತು. ಫ್ರಾನ್ಸಿನ ಆ ಪ್ರಶಸ್ತಿ ಗೆದ್ದ ಮೊದಲ ಅಮೆರಿಕನ್ ನಟಿ ಅವಳು. 'ಪರ್ಸನಲ್ ಶಾಪರ್' (2016) ಚಿತ್ರದಲ್ಲಿ ಪ್ಯಾರಿಸ್‌ನಲ್ಲಿ ಸ್ಕೂಟರ್ ಓಡಿಸುತ್ತಾ ಶ್ರೀಮಂತಳೊಬ್ಬಳ ಬಟ್ಟೆಬರೆ ತಂದುಕೊಡುವ ಹುಡುಗಿ. ಇಲ್ಲಿ ಅಮೆರಿಕದವಳು ದುಡ್ಡಿನ ಗುರುತೂ ಅಲ್ಲ, ಮೋಹಿನಿಯೂ ಅಲ್ಲ. ಸಂಬಳಕ್ಕೆ ದುಡಿಯುವವಳು, ತೀರಿಕೊಂಡ ಅವಳಿ ಸೋದರನಿಗಾಗಿ ಕೊರಗುವವಳು. ಇದೇ ಸ್ಟುವರ್ಟ್ 2019ರಲ್ಲಿ ಇನ್ನೊಂದು ಸಿನಿಮಾದಲ್ಲಿ ಜೀನ್ ಸೀಬರ್ಗ್‌ಳ ಪಾತ್ರವನ್ನೇ ಮಾಡಿದಳು.

'ಎಮಿಲಿ ಇನ್ ಪ್ಯಾರಿಸ್' ಧಾರಾವಾಹಿಯೂ ನಿಮ್ಮ ತಲೆಯಲ್ಲಿ ಇರಬಹುದು. ಅದು ಅಮೆರಿಕದವರು ತಮ್ಮ ಹುಡುಗಿಯನ್ನು ತಾವೇ ಕಲ್ಪಿಸಿಕೊಂಡದ್ದು. ಈ ಲೆಕ್ಕಕ್ಕೆ ಸೇರುವುದಿಲ್ಲ.

ಯಾವುದು ನೋಡಲಿ ಎಂದು ಕೇಳಿದ್ದೀರಿ. ಮೊದಲು 'ಪ್ಲೇಟೈಮ್'. 70 ಎಂಎಂನಲ್ಲಿ ತೆಗೆದ ಸಿನಿಮಾ ಅದು, ಮೊಬೈಲಿನಲ್ಲಿ ನೋಡಬೇಡಿ. ಬೆಂಗಳೂರಿನ ಚಿತ್ರೋತ್ಸವದಲ್ಲೋ ಯಾವುದಾದರೂ ಫಿಲ್ಮ್ ಸೊಸೈಟಿಯಲ್ಲೋ ದೊಡ್ಡ ತೆರೆಯ ಮೇಲೆ ಸಿಕ್ಕರೆ ಬಸ್ಸು ಹತ್ತಿ ಬನ್ನಿ. 'ತೂ ವಾ ಬಿಯಾಂ' ಮತ್ತು 'ಲೆಟರ್ ಟು ಜೇನ್' ಎರಡನ್ನೂ ಒಂದೇ ದಿನ ನೋಡಿ, ಇದೇ ಕ್ರಮದಲ್ಲಿ. ಬೇಕರ್‌ಳ 'ಝೂಝೂ' ಬಿಡಬೇಡಿ.

ಕೊನೆಯದಾಗಿ, 2025ರ ಕಾನ್ ಚಿತ್ರೋತ್ಸವದಲ್ಲಿ ತೆರೆಕಂಡ ರೆಬೆಕಾ ಝ್ಲೊಟೊವ್ಸ್ಕಿಯ 'ವೀ ಪ್ರಿವೇ'. ನಿರ್ದೇಶಕಿ ಫ್ರಾನ್ಸಿನ ಹೆಂಗಸು. ಪ್ಯಾರಿಸ್‌ನಲ್ಲಿ ನೆಲೆಸಿದ ಅಮೆರಿಕನ್ ಮನೋವೈದ್ಯೆಯಾಗಿ ಜೋಡಿ ಫಾಸ್ಟರ್ ಇದ್ದಾಳೆ. ಬಾಲ್ಯದಲ್ಲೇ ಫ್ರೆಂಚ್ ಶಾಲೆಯಲ್ಲಿ ಓದಿದವಳು, ಹಾಗಾಗಿ ಸಿನಿಮಾದ ತುಂಬ ಫ್ರೆಂಚ್ ಮಾತನ್ನು ಸಲೀಸಾಗಿ, ತನ್ನದೇ ದನಿಯಲ್ಲಿ ಆಡುತ್ತಾಳೆ. ಫ್ರೆಂಚರು ಅವಳೆದುರು ಕೂತು ತಮ್ಮ ಕಷ್ಟ ಹೇಳಿಕೊಳ್ಳುತ್ತಾರೆ. ಅದನ್ನು ನೋಡಿದ ಮೇಲೆ ಪೆಟ್ರಿಷಿಯಾ ಬಗ್ಗೆ ನಿಮ್ಮ ಅಭಿಪ್ರಾಯ ಬದಲಾದರೂ ಬರೆಯಿರಿ, ಬದಲಾಗದಿದ್ದರೂ ಬರೆಯಿರಿ. ಎರಡನ್ನೂ ಅಚ್ಚು ಹಾಕುತ್ತೇವೆ.

ಸಂಪಾದಕ